ನೀನಾ ಹಾಸ್ ಸಿನಿಮಾಗಳಲ್ಲಿ ಮೊದಲು ಯಾವುದು ನೋಡಬೇಕು?

‘ಟಾರ್’ ನೋಡಿದವರೆಲ್ಲ ಕೇಟ್ ಬ್ಲಾಂಚೆಟ್ ಬಗ್ಗೆಯೇ ಮಾತಾಡುತ್ತಾರೆ. ಅದು ಸರಿಯೇ. ಆದರೆ ಅದೇ ಸಿನಿಮಾದಲ್ಲಿ ವಯಲಿನ್ ಹಿಡಿದು ಆರ್ಕೆಸ್ಟ್ರಾದ ಮೊದಲ ಕುರ್ಚಿಯಲ್ಲಿ ಕೂತು, ಹೆಚ್ಚು ಮಾತಾಡದೆ ಎಲ್ಲವನ್ನೂ ಗಮನಿಸುವ ಇನ್ನೊಬ್ಬಳಿದ್ದಾಳೆ. ಆ ಪಾತ್ರ ಮಾಡಿದವರು ಜರ್ಮನ್ ನಟಿ ನೀನಾ ಹಾಸ್. ಇನ್ನು ಕೆಲವರಿಗೆ ಅವರ ಮುಖ ಪರಿಚಯ ಆಗಿದ್ದು ‘ಹೋಮ್‌ಲ್ಯಾಂಡ್’ ಸರಣಿಯ ಗುಪ್ತಚರ ಅಧಿಕಾರಿ ಆಸ್ಟ್ರಿಡ್ ಆಗಿ. ಎರಡೂ ಕಡೆ ಅವರು ಕಾಣಿಸುವುದು ಸ್ವಲ್ಪ ಹೊತ್ತು. ಆದರೂ ಇವರದ್ದು ಬೇರೆ ಏನೇನಿದೆ ಅಂತ ಹುಡುಕುವ ಆಸೆ ಹುಟ್ಟುತ್ತದೆ. ಹುಡುಕಿದರೆ 1996ರಿಂದ ಶುರುವಾಗುವ ಉದ್ದ ಪಟ್ಟಿ ಸಿಗುತ್ತದೆ. ಎಲ್ಲಿಂದ ಹಿಡಿಯುವುದು?

ನನ್ನ ಉತ್ತರ ಮೊದಲೇ ಹೇಳಿಬಿಡುತ್ತೇನೆ. 2012ರ ‘ಬಾರ್ಬರಾ’ದಿಂದ ಶುರು ಮಾಡಿ. ತುಂಬಾ ಜನ 2014ರ ‘ಫೀನಿಕ್ಸ್’ ನೋಡಿ ಅನ್ನುತ್ತಾರೆ. ಅದು ದೊಡ್ಡ ಸಿನಿಮಾ, ಅನುಮಾನವೇ ಇಲ್ಲ. ಆದರೆ ಅದನ್ನು ಎರಡನೆಯದಾಗಿ ನೋಡಿದರೆ ಜಾಸ್ತಿ ತಟ್ಟುತ್ತದೆ. ಯಾಕೆ ಅಂತ ಮುಂದೆ ಹೇಳುತ್ತೇನೆ. ಯಾವ ಸಿನಿಮಾದ ಕೊನೆಯನ್ನೂ ಇಲ್ಲಿ ಬಿಟ್ಟುಕೊಡುವುದಿಲ್ಲ, ಧೈರ್ಯವಾಗಿ ಓದಿ.

ಅದಕ್ಕೂ ಮೊದಲು ಸ್ವಲ್ಪ ಹಿನ್ನೆಲೆ. ನೀನಾ ಹಾಸ್ ಹುಟ್ಟಿದ್ದು 1975ರಲ್ಲಿ, ಸ್ಟುಟ್‌ಗಾರ್ಟ್‌ನಲ್ಲಿ. ತಾಯಿ ರಂಗಭೂಮಿಯ ನಟಿ. ತಂದೆ ವಿಲ್ಲಿ ಹಾಸ್ ಡೈಮ್ಲರ್-ಬೆಂಜ್ ಕಾರ್ಖಾನೆಯಲ್ಲಿ ವೆಲ್ಡರ್ ಆಗಿದ್ದವರು, ಕಾರ್ಮಿಕ ನಾಯಕ. ಜರ್ಮನಿಯ ಗ್ರೀನ್ ಪಕ್ಷ ಕಟ್ಟಿದವರಲ್ಲಿ ಒಬ್ಬರು. ಪಾರ್ಲಿಮೆಂಟಿನಲ್ಲೂ ಇದ್ದರು. ಮಗಳು ಬರ್ಲಿನ್ನಿನ ಎರ್ನ್ಸ್ಟ್ ಬುಶ್ ನಾಟಕ ಶಾಲೆಯಲ್ಲಿ ಕಲಿತರು. 1996ರಲ್ಲಿ ಬಂದ ‘ದಾಸ್ ಮೇಡ್ಶೆನ್ ರೋಸ್‌ಮರೀ’ ಅನ್ನುವ ಟೀವಿ ಚಿತ್ರ ಅವರನ್ನು ದೇಶಕ್ಕೆಲ್ಲ ಪರಿಚಯ ಮಾಡಿಸಿತು. 1957ರಲ್ಲಿ ಫ್ರಾಂಕ್‌ಫರ್ಟ್‌ನಲ್ಲಿ ಕೊಲೆಯಾದ ರೋಸ್‌ಮರೀ ನಿಟ್ರಿಬಿಟ್ ಅನ್ನುವ ಹೆಂಗಸಿನ ನಿಜ ಕಥೆ ಅದು. ಆಮೇಲೆ ಬರ್ಲಿನ್ನಿನ ಡಾಯ್ಚಸ್ ಥಿಯೇಟರ್‌ನಲ್ಲಿ ವರ್ಷಗಟ್ಟಲೆ ರಂಗದ ಕೆಲಸ, 2013ರಿಂದ ಶೌಬ್ಯೂನೆ ರಂಗಮಂದಿರ.

ಟೀವಿ ಚಿತ್ರ ಅಂದ ಕೂಡಲೇ ನಮಗೆ ಅದು ಎರಡನೇ ದರ್ಜೆ ಅನ್ನಿಸಬಹುದು. ಜರ್ಮನಿಯಲ್ಲಿ ಹಾಗಲ್ಲ. ಅಲ್ಲಿನ ಸಾರ್ವಜನಿಕ ವಾಹಿನಿಗಳು ಒಳ್ಳೆಯ ನಿರ್ದೇಶಕರಿಗೆ ದುಡ್ಡು ಕೊಟ್ಟು ಸಿನಿಮಾ ಮಾಡಿಸುತ್ತವೆ. ‘ಬಾರ್ಬರಾ’ದಲ್ಲೂ ಝಡ್‌ಡಿಎಫ್ ಮತ್ತು ಆರ್ಟೆ ವಾಹಿನಿಗಳ ಪಾಲಿದೆ. ಹಾಗಾಗಿ ನೀನಾ ಹಾಸ್ ಪಟ್ಟಿಯಲ್ಲಿ ‘ಟೀವಿ’ ಅಂತ ಬರೆದದ್ದನ್ನೆಲ್ಲ ಸುಮ್ನೆ ಪಕ್ಕಕ್ಕೆ ಸರಿಸಬೇಡಿ.

ನೀನಾ ಹಾಸ್ ಅಂದರೆ ಜರ್ಮನ್ ನಿರ್ದೇಶಕ ಕ್ರಿಸ್ಟಿಯಾನ್ ಪೆಟ್ಸೋಲ್ಡ್ ಹೆಸರು ಬರಲೇಬೇಕು. ಇಬ್ಬರೂ ಸೇರಿ ಆರು ಸಿನಿಮಾ ಮಾಡಿದ್ದಾರೆ. ಮೊದಲನೆಯದು 2001ರ ಟೀವಿ ಚಿತ್ರ ‘ಟೋಟರ್ ಮಾನ್’. ಆಮೇಲೆ ‘ವೋಲ್ಫ್ಸ್‌ಬುರ್ಗ್’ (2003), ‘ಯೆಲ್ಲಾ’ (2007), ‘ಯೆರಿಖೋ’ (2008), ‘ಬಾರ್ಬರಾ’ (2012), ‘ಫೀನಿಕ್ಸ್’ (2014). ನೀನಾ ಹಾಸ್ ವೃತ್ತಿಯ ಜೀವ ಇರುವುದು ಈ ಆರರಲ್ಲಿ. ಮೊದಲ ಆಯ್ಕೆಯನ್ನು ಇದರೊಳಗೇ ಮಾಡಿ.

‘ಬಾರ್ಬರಾ’ ಮತ್ತು ‘ಫೀನಿಕ್ಸ್’ ಎರಡನ್ನೂ ಎದುರು ಬದುರು ಇಟ್ಟು ನೋಡೋಣ.

‘ಬಾರ್ಬರಾ’ ನಡೆಯುವುದು 1980ರಲ್ಲಿ, ಆಗ ಕಮ್ಯುನಿಸ್ಟರ ಕೈಯಲ್ಲಿದ್ದ ಪೂರ್ವ ಜರ್ಮನಿಯಲ್ಲಿ. ಬರ್ಲಿನ್ನಿನ ಹೆಸರಾಂತ ಶಾರಿಟೆ ಆಸ್ಪತ್ರೆಯ ಡಾಕ್ಟರ್ ಒಬ್ಬಳು ದೇಶ ಬಿಟ್ಟು ಹೋಗಲು ಅರ್ಜಿ ಹಾಕುತ್ತಾಳೆ. ಅದಕ್ಕೆ ಶಿಕ್ಷೆಯಾಗಿ ಅವಳನ್ನು ಬಾಲ್ಟಿಕ್ ಸಮುದ್ರದ ಹತ್ತಿರದ ಒಂದು ಊರಿನ ಸಣ್ಣ ಆಸ್ಪತ್ರೆಗೆ ಎತ್ತಂಗಡಿ ಮಾಡುತ್ತಾರೆ. ಗುಪ್ತ ಪೊಲೀಸರು ಹೊತ್ತಲ್ಲದ ಹೊತ್ತಿಗೆ ಬಂದು ಮನೆ ಜಾಲಾಡುತ್ತಾರೆ, ಮೈ ತಪಾಸಣೆ ಮಾಡಿಸುತ್ತಾರೆ. ಇತ್ತ ಅವಳು ಪಶ್ಚಿಮದಲ್ಲಿರುವ ಪ್ರಿಯಕರನ ಸಹಾಯದಿಂದ ತಪ್ಪಿಸಿಕೊಳ್ಳಲು ತಯಾರಿ ಮಾಡುತ್ತಿದ್ದಾಳೆ. ಆಸ್ಪತ್ರೆಯ ಮುಖ್ಯ ಡಾಕ್ಟರ್, ಆಂದ್ರೆ ಅನ್ನುವವನು, ಅವಳ ಜೊತೆ ತುಂಬಾ ಮೃದುವಾಗಿದ್ದಾನೆ. ಆ ಮೃದುತನವೇ ಅವಳಿಗೆ ಭಯ. ಇವನೂ ವರದಿ ಬರೆಯುವವನೇ ಇರಬಹುದು ಅಲ್ವಾ?

ಈ ಕಥೆಯಲ್ಲಿ ಮುಖ ಬಿಗಿ ಹಿಡಿಯುವುದು ಬರೀ ನಟನೆಯ ಶೈಲಿ ಅಲ್ಲ, ಅದು ಬದುಕುಳಿಯುವ ದಾರಿ. ಬಾರ್ಬರಾ ಏನನ್ನಾದರೂ ತೋರಿಸಿಕೊಂಡರೆ ಸಿಕ್ಕಿಬೀಳುತ್ತಾಳೆ. ಮೊದಲ ದಿನ ಡ್ಯೂಟಿಗೆ ಬೇಗ ಬಂದವಳು ಒಳಗೆ ಹೋಗುವುದಿಲ್ಲ. ಹೊರಗೆ ಬೆಂಚಿನ ಮೇಲೆ ಕೂತು ಸಿಗರೇಟು ಸೇದುತ್ತಾಳೆ. ಅವಳನ್ನು ಮೇಲಿನ ಕಿಟಕಿಯಿಂದ ಇಬ್ಬರು ನೋಡುತ್ತಿದ್ದಾರೆ. ಆ ಒಂದೇ ದೃಶ್ಯದಲ್ಲಿ ಅವಳ ಹಟ, ಅವಮಾನ, ಎಚ್ಚರ ಮೂರೂ ಗೊತ್ತಾಗುತ್ತವೆ. ಅದೇ ಹೆಂಗಸು ಸ್ಟೆಲ್ಲಾ ಅನ್ನುವ ಹುಡುಗಿಯ ಹಾಸಿಗೆಯ ಹತ್ತಿರ ಬಂದಾಗ ಬೇರೆಯೇ ಆಗುತ್ತಾಳೆ. ಸ್ಟೆಲ್ಲಾ ದುಡಿಮೆಯ ಶಿಬಿರದಿಂದ ತಪ್ಪಿಸಿಕೊಂಡು ಬಂದವಳು, ಮೆದುಳಿನ ಸೋಂಕಿನಿಂದ ನರಳುತ್ತಿರುವವಳು. ಅವಳಿಗೆ ಬಾರ್ಬರಾ ಪುಸ್ತಕ ಓದಿ ಹೇಳುತ್ತಾಳೆ. ದನಿ ಸ್ವಲ್ಪವೇ ಇಳಿಯುತ್ತದೆ, ಭುಜ ಸ್ವಲ್ಪವೇ ಸಡಿಲವಾಗುತ್ತದೆ. ಅಷ್ಟರಲ್ಲೇ ನಿಮಗೆ ಎಲ್ಲ ಅರ್ಥವಾಗುತ್ತದೆ.

ನೀನಾ ಹಾಸ್ ಅಭಿನಯ ಓದುವುದನ್ನು ಕಲಿಸುವ ಸಿನಿಮಾ ಅಂದರೆ ಇದೇ. ಯಾವಾಗ ಮುಚ್ಚಿಡುತ್ತಿದ್ದಾರೆ, ಯಾವಾಗ ಒಂದೆಳೆ ಬಿಡುತ್ತಿದ್ದಾರೆ ಅನ್ನುವುದು ನಿಧಾನವಾಗಿ ಕಣ್ಣಿಗೆ ಹತ್ತುತ್ತದೆ. ಇನ್ನೊಂದು ಲಾಭವೂ ಇದೆ. ಪೂರ್ವ ಜರ್ಮನಿ ಅಂದರೆ ಬೂದು ಬಣ್ಣ ಬಳಿದು ತೋರಿಸುವ ಸಿನಿಮಾಗಳೇ ಜಾಸ್ತಿ. ಪೆಟ್ಸೋಲ್ಡ್ ಹಾಗೆ ಮಾಡಿಲ್ಲ. ಬೇಸಿಗೆಯ ಬೆಳಕು, ಹಸಿರು, ಬೀಸುವ ಗಾಳಿ, ಸೈಕಲ್ಲು ಎಲ್ಲ ಇವೆ. ಪೆಟ್ಸೋಲ್ಡ್ ಅವರ ತಂದೆ ತಾಯಿ ಪೂರ್ವದಿಂದ ಪಶ್ಚಿಮಕ್ಕೆ ಬಂದವರು. ಬಿಟ್ಟು ಬಂದ ಜಾಗದಲ್ಲೂ ಪ್ರೀತಿಸುವಂಥದ್ದು ಇತ್ತು ಅನ್ನುವ ಅರಿವು ಈ ಸಿನಿಮಾದಲ್ಲಿದೆ. ಹಾಗಾಗಿ ಹೋಗಬೇಕೋ ಇರಬೇಕೋ ಅನ್ನುವ ಪ್ರಶ್ನೆಗೆ ನಿಜವಾದ ತೂಕ ಬರುತ್ತದೆ. 2012ರ ಬರ್ಲಿನ್ ಚಿತ್ರೋತ್ಸವದಲ್ಲಿ ಪೆಟ್ಸೋಲ್ಡ್ ಅವರಿಗೆ ಶ್ರೇಷ್ಠ ನಿರ್ದೇಶಕನ ಬೆಳ್ಳಿ ಕರಡಿ ಪ್ರಶಸ್ತಿ ಸಿಕ್ಕಿದ್ದು ಇದಕ್ಕೇ.

ಈಗ ‘ಫೀನಿಕ್ಸ್’. ಯುದ್ಧ ಮುಗಿದ ಬರ್ಲಿನ್. ನೆಲ್ಲಿ ಅನ್ನುವ ಯಹೂದಿ ಗಾಯಕಿ ನಾಝಿಗಳ ಶಿಬಿರದಿಂದ ಬದುಕಿ ಬಂದಿದ್ದಾಳೆ, ಮುಖ ಚೂರಾಗಿದೆ. ಶಸ್ತ್ರಚಿಕಿತ್ಸೆ ಮಾಡುವ ಡಾಕ್ಟರ್ ಯಾರ ಹಾಗೆ ಕಾಣಬೇಕು ಅಂತ ಕೇಳುತ್ತಾನೆ. ಅವಳಿಗೆ ಬೇಕಾದದ್ದು ತನ್ನದೇ ಹಳೆಯ ಮುಖ. ಅದು ಪೂರ್ತಿ ಸಿಗುವುದಿಲ್ಲ. ಗಂಡ ಜಾನಿಯನ್ನು ಹುಡುಕಿಕೊಂಡು ಹೋಗುತ್ತಾಳೆ, ಅವನು ಒಂದು ನೈಟ್‌ಕ್ಲಬ್ಬಿನಲ್ಲಿ ಕೆಲಸಕ್ಕಿದ್ದಾನೆ. ಅವಳನ್ನು ಗುರುತಿಸುವುದಿಲ್ಲ. ಬದಲಿಗೆ ಹೆಂಡತಿಯ ಹಾಗೆ ಸ್ವಲ್ಪ ಕಾಣುತ್ತೀಯ, ಅವಳ ವೇಷ ಹಾಕು, ಆಸ್ತಿ ಬಿಡಿಸಿಕೊಂಡು ಹಂಚಿಕೊಳ್ಳೋಣ ಅನ್ನುತ್ತಾನೆ. ಅವಳು ಒಪ್ಪುತ್ತಾಳೆ. ತನ್ನದೇ ನಡಿಗೆ, ತನ್ನದೇ ಕೈಬರಹವನ್ನು ಅವನಿಂದ ಕಲಿಯುತ್ತಾಳೆ.

ಗಂಡನಿಗೆ ಹೆಂಡತಿ ಗೊತ್ತಾಗದೇ ಇರುತ್ತಾಳಾ ಅನ್ನುವುದು ಈ ಸಿನಿಮಾದ ಮೇಲಿರುವ ದೊಡ್ಡ ತಕರಾರು. ತಕರಾರು ಸುಳ್ಳಲ್ಲ. ಬರೀ ತರ್ಕ ಹಿಡಿದು ಕೂತರೆ ಅರ್ಧ ಗಂಟೆಯಲ್ಲೇ ಬೇಸರ ಬರುತ್ತದೆ. ಆದರೆ ಜಾನಿಗೆ ಅವಳು ಸತ್ತಿರಲೇಬೇಕು. ಬದುಕಿದ್ದರೆ ತಾನು ಏನು ಮಾಡಿದೆ ಅನ್ನುವುದನ್ನು ಎದುರಿಸಬೇಕಾಗುತ್ತದೆ. ಒಂದು ಇಡೀ ದೇಶ ಹಿಂತಿರುಗಿ ಬಂದವರ ಮುಖ ನೋಡಲು ಒಲ್ಲೆ ಅಂದ ಕಾಲ ಅದು. ಈ ನೋಟ ಸಿಕ್ಕವರಿಗೆ ‘ಫೀನಿಕ್ಸ್’ ಒಳಗೆ ಇಳಿಯುತ್ತದೆ.

ಇಲ್ಲಿ ನೀನಾ ಹಾಸ್ ಮಾಡಿರುವುದು ಬಲು ಕಷ್ಟದ ಕೆಲಸ. ಮೊದಲಿಗೆ ನೆಲ್ಲಿ ಮೈ ಕುಗ್ಗಿಸಿಕೊಂಡು, ಗೋಡೆ ಹಿಡಿದು ನಡೆಯುತ್ತಾಳೆ. ಆಮೇಲೆ ತನ್ನದೇ ನಕಲು ಮಾಡಬೇಕು, ಅದೂ ಸ್ವಲ್ಪ ತಪ್ಪು ತಪ್ಪಾಗಿ, ಯಾಕಂದರೆ ಅವಳು ‘ಬೇರೆ ಹೆಂಗಸು’. ಗಂಡ ಮೆಚ್ಚಿದಾಗ ಅವಳ ಮುಖದಲ್ಲಿ ಬರುವ ಸಂತೋಷ ನೋಡಿದರೆ ಹೊಟ್ಟೆ ಕಿವುಚುತ್ತದೆ. ಕೊನೆಯಲ್ಲಿ ಕರ್ಟ್ ವೈಲ್ ಅವರ ಒಂದು ಹಾಡಿದೆ, ‘ಸ್ಪೀಕ್ ಲೋ’. ಅದರ ಬಗ್ಗೆ ಇನ್ನೊಂದು ಮಾತೂ ಬೇಡ. ಯಾರಾದರೂ ಆ ದೃಶ್ಯದ ತುಣುಕು ಕಳಿಸಿದರೆ ದಯವಿಟ್ಟು ಮೊದಲೇ ತೆರೆಯಬೇಡಿ.

ಹಾಗಾದರೆ ಇದು ಯಾಕೆ ಎರಡನೆಯದು? ಎರಡರಲ್ಲೂ ಎದುರಿಗಿರುವ ಗಂಡಸಿನ ಪಾತ್ರ ಮಾಡಿದವರು ಒಬ್ಬರೇ, ರೋನಾಲ್ಡ್ ತ್ಸೇರ್‌ಫೆಲ್ಡ್. ‘ಬಾರ್ಬರಾ’ದಲ್ಲಿ ಅವಳು ಅವನನ್ನು ನಂಬಲು ಹೆದರುತ್ತಾಳೆ, ಅವನೋ ಒಂದೊಂದೇ ಕೆಲಸದಿಂದ ತಾನು ಯಾರು ಅಂತ ತೋರಿಸುತ್ತಾನೆ. ‘ಫೀನಿಕ್ಸ್’ನಲ್ಲಿ ಪೂರ್ತಿ ತಿರುಗುಮುರುಗು. ಅವಳು ಮೊದಲೇ ನಂಬಿಬಿಟ್ಟಿದ್ದಾಳೆ, ನಂಬದೇ ಇರಲು ಅವಳಿಂದ ಆಗುವುದಿಲ್ಲ. ಆಂದ್ರೆಯ ಒಳ್ಳೆಯತನ ನೋಡಿ ಬಂದವರಿಗೆ ಅದೇ ಮುಖದ ಜಾನಿಯನ್ನು ನಂಬುವ ಆಸೆ ಆಗುತ್ತದೆ. ಆಗ ನೆಲ್ಲಿಯ ಹಟ ಪೆದ್ದುತನ ಅನ್ನಿಸುವುದಿಲ್ಲ. ಉಲ್ಟಾ ಕ್ರಮದಲ್ಲಿ ನೋಡಿದರೆ ಈ ಬಲ ಸಿಗುವುದಿಲ್ಲ. ಜಾನಿಯನ್ನು ನೋಡಿ ಬಂದವರು ಆಂದ್ರೆಯನ್ನು ಮೊದಲಿನಿಂದಲೇ ಅನುಮಾನಿಸಿಬಿಡುತ್ತಾರೆ.

ಒಂದೇ ಒಂದು ಸಿನಿಮಾ ನೋಡುವಷ್ಟು ಸಮಯ ಇರುವವರಿಗೂ ನಾನು ‘ಬಾರ್ಬರಾ’ ಅನ್ನುತ್ತೇನೆ. ಆದರೆ ನೀವು ಮೊದಲೇ ಹಳೆಯ ಹಾಲಿವುಡ್ ಸಿನಿಮಾ ಇಷ್ಟಪಡುವವರು, ನಿಜಕ್ಕಿಂತ ಒಂದು ಮೆಟ್ಟಿಲು ಮೇಲೆ ನಿಲ್ಲುವ ಕಥೆ ಒಪ್ಪಿಕೊಳ್ಳುವವರು ಆಗಿದ್ದರೆ ‘ಫೀನಿಕ್ಸ್’ನಿಂದಲೇ ಹಿಡಿಯಿರಿ. ನಷ್ಟವಿಲ್ಲ.

ಮೂರನೆಯದು ‘ಯೆಲ್ಲಾ’. ಪ್ರಶಸ್ತಿ ನೋಡಿ ಆರಿಸುವವರು ಇದನ್ನೇ ಮೊದಲು ಹಿಡಿಯುತ್ತಾರೆ, ಯಾಕಂದರೆ 2007ರ ಬರ್ಲಿನ್ ಚಿತ್ರೋತ್ಸವದಲ್ಲಿ ನೀನಾ ಹಾಸ್‌ಗೆ ಶ್ರೇಷ್ಠ ನಟಿಯ ಬೆಳ್ಳಿ ಕರಡಿ ಕೊಡಿಸಿದ್ದು ಇದು. ಹಳೆಯ ಪೂರ್ವ ಜರ್ಮನಿಯ ವಿಟೆನ್‌ಬೆರ್ಗೆ ಅನ್ನುವ ಊರು. ಅಲ್ಲಿನ ಯೆಲ್ಲಾ ಗಂಡನನ್ನೂ ಮುಳುಗಿದ ವ್ಯಾಪಾರವನ್ನೂ ಬಿಟ್ಟು ಪಶ್ಚಿಮದ ಹ್ಯಾನೋವರ್‌ಗೆ ಕೆಲಸಕ್ಕೆ ಹೊರಡುತ್ತಾಳೆ. ಸಾಲ ಕೊಡುವ, ಕಂಪನಿ ನುಂಗುವ ಬಂಡವಾಳದ ಜಗತ್ತು ಸೇರುತ್ತಾಳೆ. ಮೀಟಿಂಗುಗಳೇ ಈ ಸಿನಿಮಾದ ಫೈಟಿಂಗ್ ಸೀನುಗಳು. ಎದುರಿನವರನ್ನು ಹೆದರಿಸಲು ಯಾವಾಗ ಕುರ್ಚಿಗೆ ಒರಗಬೇಕು, ಯಾವಾಗ ಲ್ಯಾಪ್‌ಟಾಪ್ ಕಡೆ ನೋಡಬೇಕು ಅನ್ನುವುದನ್ನು ಅವಳು ಕಲಿಯುತ್ತಾಳೆ, ಚೆನ್ನಾಗಿಯೇ ಕಲಿಯುತ್ತಾಳೆ. ಒಂದೂವರೆ ಗಂಟೆಯ ಸಿನಿಮಾ. ಆದರೆ ಮಧ್ಯೆ ಮಧ್ಯೆ ವಿಚಿತ್ರ ಶಬ್ದಗಳು, ಅರ್ಥವಾಗದ ತಡೆಗಳು ಬರುತ್ತವೆ. ಪೆಟ್ಸೋಲ್ಡ್ ಶೈಲಿಗೆ ಒಗ್ಗದವರು ಇಲ್ಲಿ ಇದೇನು ನಡೀತಿದೆ ಅಂತ ಎದ್ದು ಹೋಗುವ ಸಾಧ್ಯತೆ ಇದೆ. ಹಾಗಾಗಿ ಮೊದಲನೆಯದು ಬೇಡ. ಬೆಂಗಳೂರಿಗೋ ಹೊರದೇಶಕ್ಕೋ ಕೆಲಸ ಹುಡುಕಿ ಊರು ಬಿಟ್ಟವರಿಗೆ ಮಾತ್ರ ಇದು ಬೇರೆಯವರಿಗಿಂತ ಹೆಚ್ಚು ಹತ್ತಿರ ಅನ್ನಿಸುತ್ತದೆ.

‘ಯೆರಿಖೋ’ ಮತ್ತು ‘ವೋಲ್ಫ್ಸ್‌ಬುರ್ಗ್’ ನಡುವೆ ಆರಿಸುವುದಾದರೆ ‘ಯೆರಿಖೋ’. ಸಾಲದಲ್ಲಿ ಸಿಕ್ಕಿಬಿದ್ದ ಹೆಂಡತಿ, ತಿಂಡಿ ಅಂಗಡಿಗಳ ಮಾಲೀಕನಾದ ಟರ್ಕಿ ಮೂಲದ ಗಂಡ, ಕೆಲಸಕ್ಕೆ ಬಂದ ಮಾಜಿ ಸೈನಿಕ. ಈ ಮೂವರಲ್ಲಿ ಮುಂದೆ ಏನಾಗುತ್ತದೆ ಅನ್ನುವುದು ಊಹಿಸಬಹುದು ಅನ್ನಿಸಿದರೂ, ಗಂಡ ಅಲಿಯ ಪಾತ್ರ ಮಾಡಿದ ಹಿಲ್ಮಿ ಸೋಜರ್ ಲೆಕ್ಕವನ್ನೆಲ್ಲ ತಲೆಕೆಳಗು ಮಾಡುತ್ತಾರೆ. ಪ್ರೀತಿಯ ಒಳಗೆ ದುಡ್ಡಿನ ಲೆಕ್ಕ ಹೇಗೆ ಸೇರಿಕೊಳ್ಳುತ್ತದೆ ಅನ್ನುವುದನ್ನು ಇಷ್ಟು ಸರಳವಾಗಿ ಹೇಳಿದ ಸಿನಿಮಾ ಕಡಿಮೆ.

ಪೆಟ್ಸೋಲ್ಡ್ ಆಚೆಗೆ ಹೋಗೋಣ. ಇಲ್ಲಿ ನನಗೆ ಇಷ್ಟವಾದ ಹೋಲಿಕೆ ಎರಡು ವಯಲಿನ್‌ಗಳದ್ದು. 2019ರ ‘ದಿ ಆಡಿಷನ್’ನಲ್ಲಿ ನೀನಾ ಹಾಸ್ ವಯಲಿನ್ ಟೀಚರ್ ಆನಾ. ಶಿಷ್ಯನೊಬ್ಬನಲ್ಲಿ ಪ್ರತಿಭೆ ಇದೆ ಅಂತ ಹಟ ಹಿಡಿದು ಅವನನ್ನು ತಿದ್ದಲು ಹೊರಡುತ್ತಾಳೆ. ಮನೆಯಲ್ಲಿ ಮಗನೂ ವಯಲಿನ್ ಕಲಿಯುತ್ತಿದ್ದಾನೆ, ಅವನಿಗೆ ಅಮ್ಮ ಸಿಗುವುದಿಲ್ಲ. ‘ಟಾರ್’ನಲ್ಲಿ (2022) ಅವರು ಆರ್ಕೆಸ್ಟ್ರಾ ನಡೆಸುವ ಕಂಡಕ್ಟರಳ ಸಂಗಾತಿ ಶರಾನ್, ಆರ್ಕೆಸ್ಟ್ರಾದ ಮುಖ್ಯ ವಯಲಿನ್ ವಾದಕಿ. ಒಂದರಲ್ಲಿ ಹಿಂಸೆ ಮಾಡುವವಳು, ಇನ್ನೊಂದರಲ್ಲಿ ಸಹಿಸಿಕೊಂಡು ಲೆಕ್ಕ ಇಟ್ಟವಳು. ನಟನೆ ನೋಡಲು ಬಂದವರಿಗೆ ‘ದಿ ಆಡಿಷನ್’ ಮೇಲು. ಸ್ಪೇನಿನ ಸಾನ್ ಸೆಬಾಸ್ಟಿಯನ್ ಚಿತ್ರೋತ್ಸವದಲ್ಲಿ ಅವರಿಗೆ ಶ್ರೇಷ್ಠ ನಟಿ ಪ್ರಶಸ್ತಿಯ ಪಾಲು ಕೊಡಿಸಿದ ಪಾತ್ರ ಅದು. ಸಂಗೀತ ಕಲಿಸುವವರು, ಮಕ್ಕಳನ್ನು ಸಂಗೀತಕ್ಕೆ ಕಳಿಸುವವರು ಇದನ್ನು ನೋಡಲೇಬೇಕು. ಆರಾಮಾಗಿ ನೋಡುವ ಸಿನಿಮಾ ಅಲ್ಲ, ಅದನ್ನು ಮೊದಲೇ ಹೇಳಿಬಿಡಬೇಕು. ‘ಟಾರ್’ ಎರಡೂವರೆ ಗಂಟೆ ಮೀರಿದ ಸಿನಿಮಾ, ಅದರಲ್ಲಿ ಅವರ ಪಾಲು ಚಿಕ್ಕದು. ಆದರೆ ಬೇರೆ ಸಿನಿಮಾಗಳನ್ನು ನೋಡಿದ ಮೇಲೆ ಮತ್ತೆ ನೋಡಿದರೆ ಶರಾನ್ ಒಬ್ಬಳನ್ನೇ ಹಿಂಬಾಲಿಸಬಹುದು. ಕಥೆ ಬೇರೆಯಾಗಿ ಕಾಣುತ್ತದೆ.

ಕಣ್ಣೀರು ತಡೆಯದೆ ಅಳಬೇಕು ಅನ್ನುವವರಿಗೆ 2020ರ ‘ಮೈ ಲಿಟಲ್ ಸಿಸ್ಟರ್’. ಅವಳಿ ಅಣ್ಣ ತಂಗಿ. ಅಣ್ಣ ರಂಗನಟ, ರಕ್ತದ ಕ್ಯಾನ್ಸರ್ ಬಂದಿದೆ, ಆದರೂ ಮತ್ತೆ ರಂಗಕ್ಕೆ ಹತ್ತುವ ಆಸೆ. ತಂಗಿ ನಾಟಕಕಾರ್ತಿ, ಬರೆಯುವುದನ್ನು ಬಿಟ್ಟು ಗಂಡನ ಕೆಲಸಕ್ಕಾಗಿ ಸ್ವಿಟ್ಜರ್ಲೆಂಡಿನಲ್ಲಿದ್ದಾಳೆ. ಅಣ್ಣನಾಗಿ ಲಾರ್ಸ್ ಐಡಿಂಗರ್ ಇದ್ದಾರೆ, ಅವರು ನಿಜ ಜೀವನದಲ್ಲೂ ಶೌಬ್ಯೂನೆಯ ನಟ. ರಂಗಮಂದಿರದ ನಿರ್ದೇಶಕನ ಪಾತ್ರದಲ್ಲಿ ಅದೇ ಶೌಬ್ಯೂನೆಯ ನಿರ್ದೇಶಕ ಥೋಮಸ್ ಓಸ್ಟರ್‌ಮೈಯರ್ ಅವರೇ ಇದ್ದಾರೆ. ಮೂವರೂ ಒಬ್ಬರನ್ನೊಬ್ಬರು ಬಲ್ಲವರು, ಹಾಗಾಗಿ ರಂಗದ ಬಗೆಗಿನ ಮಾತೆಲ್ಲ ನಿಜವಾಗಿ ಕೇಳಿಸುತ್ತದೆ. ‘ಬಾರ್ಬರಾ’ದ ಬಿಗಿತ ನೋಡಿದವರಿಗೆ ಇಲ್ಲಿ ಕೂಗಾಡುವ, ನಗುವ, ಸೋಲುವ ನೀನಾ ಹಾಸ್ ಆಶ್ಚರ್ಯ ತರುತ್ತಾರೆ. ಮನೆಯಲ್ಲಿ ಕಾಯಿಲೆಯವರನ್ನು ನೋಡಿಕೊಳ್ಳುತ್ತಿರುವವರು ಮಾತ್ರ ಸ್ವಲ್ಪ ಯೋಚಿಸಿ ಕೂರಿ.

2008ರ ‘ಎ ವುಮನ್ ಇನ್ ಬರ್ಲಿನ್’ ಬಗ್ಗೆ ಎಚ್ಚರಿಕೆ ಬೇಕು. 1945ರಲ್ಲಿ ಸೋವಿಯತ್ ಸೈನ್ಯ ಬರ್ಲಿನ್ನಿಗೆ ನುಗ್ಗಿದಾಗ ಹೆಂಗಸರ ಮೇಲೆ ನಡೆದ ಅತ್ಯಾಚಾರಗಳನ್ನು ಹೆಸರು ಹೇಳದ ಒಬ್ಬ ಹೆಂಗಸು ದಿನಚರಿಯಲ್ಲಿ ಬರೆದಿಟ್ಟಳು. ಅದರ ಮೇಲೆ ಕಟ್ಟಿದ ಸಿನಿಮಾ. ಇತಿಹಾಸ ತಿಳಿಯಲು ಮುಖ್ಯ. ‘ಫೀನಿಕ್ಸ್’ ನೋಡಿ, ಅದೇ ಕಾಲದ ಇನ್ನೊಂದು ಮಗ್ಗುಲು ಬೇಕು ಅನ್ನಿಸಿದರೆ ನೋಡಿ. 2005ರ ‘ದಿ ವೈಟ್ ಮಸಾಯಿ’ ಜರ್ಮನಿಯಲ್ಲಿ ಚೆನ್ನಾಗಿ ಓಡಿತು, ಆದರೆ ನಾನು ಅದನ್ನು ಯಾರಿಗೂ ಹೇಳುವುದಿಲ್ಲ. ಕೀನ್ಯಾದ ಜನರನ್ನು ಕೊನೆಯವರೆಗೂ ಹೊರಗಿನವರ ಕಣ್ಣಿನಿಂದಲೇ ನೋಡುತ್ತದೆ.

ಇಂಗ್ಲಿಷ್ ಕೆಲಸಗಳಲ್ಲಿ ಯಾವುದು? ಜರ್ಮನ್ ಮಾತು, ಇಂಗ್ಲಿಷ್ ಸಬ್‌ಟೈಟಲ್ ಎರಡೂ ಬೇಡ ಅನ್ನುವವರು 2014ರ ‘ಎ ಮೋಸ್ಟ್ ವಾಂಟೆಡ್ ಮ್ಯಾನ್’ ನೋಡಿ. ಹ್ಯಾಂಬರ್ಗ್‌ನ ಗೂಢಚಾರರ ಕಥೆ, ಫಿಲಿಪ್ ಸೀಮೋರ್ ಹಾಫ್‌ಮನ್ ಮುಖ್ಯ ಪಾತ್ರ. ಆ ಪಾತ್ರದ ಬಲಗೈಯಾಗಿ ನೀನಾ ಹಾಸ್ ಇದ್ದಾರೆ. ಪಾತ್ರ ಸಣ್ಣದು, ಸಿನಿಮಾ ಒಳ್ಳೆಯದು. ಸರಣಿಗಳಲ್ಲಿ ‘ಹೋಮ್‌ಲ್ಯಾಂಡ್’ನ ಐದನೇ ಸೀಸನ್ ಸಾಕು. ಅದು ಬರ್ಲಿನ್ನಿನಲ್ಲೇ ನಡೆಯುತ್ತದೆ, ಆಸ್ಟ್ರಿಡ್‌ಗೆ ಉಸಿರಾಡಲು ಜಾಗ ಇದೆ. ‘ಜ್ಯಾಕ್ ರಯಾನ್’ ಮೂರನೇ ಸೀಸನ್‌ನಲ್ಲಿ ಅವರು ಚೆಕ್ ದೇಶದ ಅಧ್ಯಕ್ಷೆ. ಗಾಂಭೀರ್ಯ ಕೇಳಿದ್ದಾರೆ, ಕೊಟ್ಟಿದ್ದಾರೆ, ಅಷ್ಟೇ. ‘ದಿ ಡಿಫೀಟೆಡ್’ 1946ರ ಬರ್ಲಿನ್ನಿನ ಪೊಲೀಸ್ ಕಥೆ. ಅವರ ಪಾತ್ರ ದೊಡ್ಡದೇ, ಆದರೆ ಅದೇ ಕಾಲವನ್ನು ‘ಫೀನಿಕ್ಸ್’ನಲ್ಲಿ ನೋಡಿದ ಮೇಲೆ ಇದು ಸಪ್ಪೆ ಅನ್ನಿಸಿತು.

ರಂಗಭೂಮಿಯ ಕೆಲಸ ನಮಗೆ ನೋಡಸಿಗುವುದು ಕಷ್ಟ, ಆದರೂ ಒಂದನ್ನು ಹೇಳಲೇಬೇಕು. ಓಸ್ಟರ್‌ಮೈಯರ್ ನಿರ್ದೇಶನದ ‘ರಿಟರ್ನಿಂಗ್ ಟು ರೀಮ್ಸ್’, 2017. ಫ್ರಾನ್ಸಿನ ಚಿಂತಕ ದಿದಿಯೇ ಎರಿಬೋನ್ ತನ್ನ ಕಾರ್ಮಿಕ ಕುಟುಂಬದ ಬಗ್ಗೆ ಬರೆದ ಪುಸ್ತಕ ಅದಕ್ಕೆ ಮೂಲ. ಎಡಪಕ್ಷಕ್ಕೆ ಓಟು ಹಾಕುತ್ತಿದ್ದ ದುಡಿಯುವ ಜನ ಬಲಪಂಥದ ಕಡೆ ಯಾಕೆ ವಾಲಿದರು ಅನ್ನುವುದು ಅದರ ಪ್ರಶ್ನೆ. ಆ ನಾಟಕದೊಳಗೆ ನೀನಾ ಹಾಸ್ ತಮ್ಮ ತಂದೆಯ ಕಥೆಯನ್ನೂ ಹೇಳುತ್ತಾರೆ. ಪಕ್ಷದೊಳಗೆ ಜಗಳವಾಡಿದ, ಕಾರ್ಖಾನೆಯಿಂದ ಪಾರ್ಲಿಮೆಂಟಿಗೆ ಹೋದ, ಆಮೇಲೆ ಬ್ರೆಜಿಲ್ ಕಾಡಿನ ಜನರ ಜೊತೆ ಕೆಲಸ ಮಾಡಿದ ವಿಲ್ಲಿ ಹಾಸ್ ಕಥೆ. ದುಡ್ಡು, ಕೆಲಸ, ಊರು ಬಿಡುವ ಹೆಂಗಸರು ಇವರ ಸಿನಿಮಾಗಳಲ್ಲಿ ಮತ್ತೆ ಮತ್ತೆ ಬರುವುದಕ್ಕೂ ಈ ಮನೆಗೂ ನಂಟಿದೆ ಅನ್ನುವುದು ನನ್ನ ನಂಬಿಕೆ.

ಪೆಟ್ಸೋಲ್ಡ್ 2018ರ ‘ಟ್ರಾನ್ಸಿಟ್’ನಿಂದ ಪೌಲಾ ಬೇರ್ ಅನ್ನುವ ನಟಿಯ ಜೊತೆ ಕೆಲಸ ಮಾಡುತ್ತಿದ್ದಾರೆ. ಆ ಸಿನಿಮಾಗಳೂ ಚೆನ್ನಾಗಿವೆ, ಹಗುರವಾಗಿವೆ. ಆದರೆ ನೀನಾ ಹಾಸ್ ತಂದ ತೂಕ ಹುಡುಕುವವರು ಹಿಂದಿನ ಆರಕ್ಕೇ ಬರಬೇಕು.

ಸಿಗುವುದು ಎಲ್ಲಿ ಅನ್ನುವುದು ಬದಲಾಗುತ್ತಲೇ ಇರುತ್ತದೆ. ಮುಬಿಯಂಥ ಸ್ಟ್ರೀಮಿಂಗ್ ತಾಣಗಳಲ್ಲಿ ಪೆಟ್ಸೋಲ್ಡ್ ಸಿನಿಮಾಗಳು ಬಂದು ಹೋಗುತ್ತಿರುತ್ತವೆ, ಕಂಡಾಗಲೇ ನೋಡಿಬಿಡಿ. ಬೆಂಗಳೂರಿನವರು ಇಂದಿರಾನಗರದ ಮ್ಯಾಕ್ಸ್ ಮುಲ್ಲರ್ ಭವನದ ಕಾರ್ಯಕ್ರಮಗಳ ಮೇಲೆ ಒಂದು ಕಣ್ಣಿಟ್ಟಿರಿ, ಅಲ್ಲಿ ಜರ್ಮನ್ ಸಿನಿಮಾ ತೋರಿಸುತ್ತಾರೆ. ತಕ್ಷಣ ಏನಾದರೂ ಬೇಕು ಅನ್ನುವವರಿಗೆ ಪ್ರೈಮ್ ವಿಡಿಯೋಗಾಗಿ 2025ರಲ್ಲಿ ಬಂದ ‘ಹೆಡ್ಡಾ’ ಇದೆ. ಅದಕ್ಕೆ ಮೂಲ ನಾರ್ವೆಯ ನಾಟಕಕಾರ ಇಬ್ಸೆನ್ ಬರೆದ ‘ಹೆಡ್ಡಾ ಗ್ಯಾಬ್ಲರ್’. ಆ ನಾಟಕದಲ್ಲಿ ಲೋವ್‌ಬೋರ್ಗ್ ಅನ್ನುವ ಪಾತ್ರ ಗಂಡಸು. ನಿರ್ದೇಶಕಿ ನಿಯಾ ಡಕೋಸ್ಟಾ ಆ ಪಾತ್ರವನ್ನು ಹೆಣ್ಣಾಗಿ ಮಾಡಿ ನೀನಾ ಹಾಸ್‌ಗೆ ಕೊಟ್ಟಿದ್ದಾರೆ. ಬರ್ಲಿನ್ನಿನ ರಂಗದ ಮೇಲೆ ಹೆಡ್ಡಾ ಪಾತ್ರವನ್ನೇ ಮಾಡಿದ್ದವರು ಇಲ್ಲಿ ಹೆಡ್ಡಾಳ ಎದುರು ನಿಲ್ಲುತ್ತಾರೆ. ಪಾರ್ಟಿಯ ಗದ್ದಲದ ನಡುವೆ ಅವರು ಒಳಗೆ ಬಂದ ಕ್ಷಣದಿಂದ ಸಿನಿಮಾದ ಬಿಸಿ ಏರುತ್ತದೆ. ಆದರೂ ಒಂದು ವಾರ ಕಾಯಲು ಆಗುವುದಾದರೆ, ‘ಬಾರ್ಬರಾ’ ಹುಡುಕಿಕೊಂಡು ಮೊದಲು ಅದನ್ನೇ ನೋಡಿ.